ಕೂಸು ‘ಕಾಕಾ’ ಅಂದದ್ದು

ಮಕ್ಕಳಿಗೆ ‘ನಿಮ್ಮ ಅಪ್ಪ ಯಾರು’ ಎಂದು ಕೇಳಬೇಡಿ. ಕುಟುಂಬ ನ್ಯಾಯಾಲಯಕ್ಕೆ ಸಮಾಲೋಚಕರಾಗಿ ಹೊಸದಾಗಿ ಸೇರುವ ಹುಡುಗ ಹುಡುಗಿಯರಿಗೆ ನಾನು ಹೇಳಬೇಕೆಂದಿರುವುದು ಇಷ್ಟೇ. ಉಳಿದದ್ದು ಕಾನೂನಿನ ಪುಸ್ತಕದಲ್ಲಿದೆ. ಪುಸ್ತಕದಲ್ಲಿ ಇಲ್ಲದ್ದನ್ನು ವಕೀಲರು ಗದರಿಸಿ ಕಲಿಸುತ್ತಾರೆ. ಇದನ್ನು ಮಾತ್ರ ಯಾರೂ ಕಲಿಸುವುದಿಲ್ಲ, ಹಾಗಾಗಿ ಬರೆಯಲು ಕುಳಿತಿದ್ದೇನೆ.

ನಾನು ಸೇಡಂ ಕಡೆಯವನು. ನಮ್ಮಪ್ಪ ಕಲ್ಲಿನ ಗಣಿಯಲ್ಲಿ ಪರಶಿ, ಅಂದರೆ ನೆಲಹಾಸಿನ ಕಲ್ಲು, ಸೀಳುತ್ತಿದ್ದ, ನಾನೂ ಅದನ್ನೇ ಮಾಡುತ್ತ ಬೆಳೆದೆ. ಮೀಸೆ ಬಂದ ಮೇಲೆ ಹತ್ತನೆಯ ತರಗತಿ ಪಾಸಾದೆ, ಮದುವೆಯಾದ ಮೇಲೆ ಬಿ.ಎ. ಮಾಡಿದೆ. ಮಗಳು ಶಾಲೆಗೆ ಹೋಗುತ್ತಿದ್ದ ಕಾಲಕ್ಕೆ ಹೈದರಾಬಾದಿನಲ್ಲಿ ಸಮಾಜಕಾರ್ಯದ ಪದವಿ ಮುಗಿಸಿ ಅಲ್ಲಿನ ಕುಟುಂಬ ನ್ಯಾಯಾಲಯದಲ್ಲೇ ಸಮಾಲೋಚಕನಾದೆ. ತಡವಾಗಿ ಓದಿದವನು ಓದಿದ್ದನ್ನೆಲ್ಲ ನಿಜವೆಂದು ನಂಬುತ್ತಾನೆ. ನಾನೂ ನಂಬಿದ್ದೆ. ಈಗ ಕನ್ನಡದಲ್ಲಿ ಟೈಪ್ ಮಾಡುವುದನ್ನು ಕಲಿಯುತ್ತಿದ್ದೇನೆ. ‘ಪಿತೃತ್ವ’ ಎಂಬ ಪದ ಬೆರಳಿಗೆ ಸಿಗಲು ಬಹಳ ಸತಾಯಿಸಿತು. ಋಕಾರ ಒಂದು ಕಡೆ ಹೋಗುತ್ತದೆ, ಒತ್ತು ಇನ್ನೊಂದು ಕಡೆ ಹೋಗುತ್ತದೆ. ಇಡೀ ನೌಕರಿಯಲ್ಲಿ ಆ ಪದ ನನ್ನ ಕೈಗೆ ಸರಿಯಾಗಿ ಸಿಗಲೇ ಇಲ್ಲ.

ನಮ್ಮ ಕೆಲಸವನ್ನು ಎರಡು ಮಾತಿನಲ್ಲಿ ಹೇಳಿಬಿಡುತ್ತೇನೆ. ವಿಚ್ಛೇದನ ಕೇಳಿ ಬಂದ ಗಂಡ ಹೆಂಡತಿಯನ್ನು ನ್ಯಾಯಾಧೀಶರು ಮೊದಲು ಸಮಾಲೋಚಕರ ಕೋಣೆಗೆ ಕಳಿಸುತ್ತಾರೆ. ಕೂಡಿ ಬಾಳುವ ಹಾಗಿದ್ದರೆ ಕೂಡಿಸಬೇಕು. ಇಲ್ಲವಾದರೆ ಮಗು ಯಾರ ಹತ್ತಿರ ಇದ್ದರೆ ಒಳ್ಳೆಯದು ಎಂದು ನೋಡಿ ವರದಿ ಕೊಡಬೇಕು. ನನಗೆ ಕನ್ನಡ, ತೆಲುಗು, ದಖನಿ ಉರ್ದು ಮೂರೂ ಬರುತ್ತಿದ್ದುದರಿಂದ ದುಭಾಷಿಯ ಕೆಲಸವೂ ನನ್ನ ಹೆಗಲಿಗೇ ಬಿತ್ತು. ಬೀದರ, ಕಲಬುರಗಿ, ಯಾದಗಿರಿ ಕಡೆಯವರು ಯಾರೇ ಬಂದರೂ ಜವಾನ ಬಂದು ನನ್ನನ್ನು ಕರೆಯುತ್ತಿದ್ದ.

ಮೊದಲ ವರ್ಷಗಳಲ್ಲಿ ಬರುತ್ತಿದ್ದವರು ಬಡವರೇ ಹೆಚ್ಚು. ಒಬ್ಬ ಗಾರೆ ಕೆಲಸದವನ ನೆನಪಿದೆ, ಯಾದಗಿರಿ ಕಡೆಯವನು. ಲಿಂಗಂಪಲ್ಲಿಯ ಹಳಿಯ ಪಕ್ಕದ ಗುಡಿಸಲಿನಲ್ಲಿ ಸಂಸಾರ. ಮಾದಾಪುರದಲ್ಲಿ ಗಾಜಿನ ಕಟ್ಟಡಗಳು ಏಳುತ್ತಿದ್ದ ಕಾಲ, ಅವನು ಅಲ್ಲಿ ಗಾರೆ ಕಲಸುತ್ತಿದ್ದ. ಕೂಸು ಬೆಳ್ಳಗೆ ಹುಟ್ಟಿದೆ, ನನ್ನದಲ್ಲ ಎಂದು ಹಟ ಹಿಡಿದಿದ್ದ. ಹೆಂಡತಿ ಅಳಲಿಲ್ಲ, ವಾದಿಸಲೂ ಇಲ್ಲ. ಕೂಸನ್ನು ಅವನ ತೊಡೆಯ ಮೇಲೆ ಕುಕ್ಕಿ, “ಕಿವಿ ನೋಡು. ಈ ಮೊರದಂಥಾ ಕಿವಿ ನಮ್ಮ ಕೇರ್ಯಾಗ ಮತ್ತ ಯಾರಿಗರ ಅದಾವೇನು?” ಎಂದಳು. ಅವನು ಕೂಸಿನ ಕಿವಿ ನೋಡಿದ, ತನ್ನ ಕಿವಿ ಮುಟ್ಟಿಕೊಂಡ. ಹೊರಗೆ ಕೂತಿದ್ದ ಅವನ ತಾಯಿ ಮೊದಲು ನಕ್ಕಳು, ಆಮೇಲೆ ಎಲ್ಲರೂ ನಕ್ಕರು. ಸಂಜೆಯೊಳಗೆ ಕೂಸನ್ನೆತ್ತಿಕೊಂಡು ಮೂವರೂ ಗಾಡಿ ಹತ್ತಿ ಹೋದರು. ನಾನು ವರದಿ ಬರೆಯುವ ಮೊದಲೇ ಪ್ರಕರಣ ಮುಗಿದಿತ್ತು.

ಅಂಥದ್ದು ಆಮೇಲೆ ಅಪರೂಪವಾಯಿತು. ಗಾಜಿನ ಕಟ್ಟಡಗಳಲ್ಲಿ ದೀಪ ಹತ್ತಿದ ಮೇಲೆ ಕೊರಳಿಗೆ ಕಂಪನಿಯ ಗುರುತಿನ ಪಟ್ಟಿ ಹಾಕಿಕೊಂಡವರು ನಮ್ಮ ಕೋಣೆಗೆ ಬರತೊಡಗಿದರು. ಅದನ್ನು ತೆಗೆದಿಡಬೇಕೆಂದು ಅವರಿಗೆ ತೋಚುತ್ತಿರಲಿಲ್ಲ. ಅವರ ಜಗಳ ಗಟ್ಟಿ ದನಿಯದಲ್ಲ. ಇಮೇಲಿನ ಪ್ರತಿ, ಮೊಬೈಲಿನ ಸಂದೇಶ ಎಲ್ಲ ಅಚ್ಚಾಗಿ ಫೈಲಿನೊಳಗೆ ಬರುತ್ತಿದ್ದವು. ವಕೀಲರ ಅರ್ಜಿಗಳೂ ಬದಲಾದವು. ರಕ್ತ ಪರೀಕ್ಷೆ ಮಾಡಿ ತಂದೆ ಯಾರೆಂದು ಹೇಳುತ್ತಾರೆ ಎಂಬುದು ಎಲ್ಲರಿಗೂ ಗೊತ್ತಾಗಿದ್ದ ಕಾಲ ಅದು. ಗಂಡನ ಕಡೆಯ ಅರ್ಜಿಗಳಲ್ಲಿ ಒಂದು ಸಾಲು ತಪ್ಪದೆ ಕಾಣಿಸಿಕೊಳ್ಳತೊಡಗಿತು: ಮಗುವಿನ ಪಿತೃತ್ವದ ಬಗ್ಗೆ ಅರ್ಜಿದಾರರಿಗೆ ಸಂಶಯವಿದೆ. ಬಹಳ ಸಲ ಸಂಶಯ ಏನೂ ಇರುತ್ತಿರಲಿಲ್ಲ. ಆ ಸಾಲು ಓದಿ ಹೆಂಡತಿ ಹೆದರುತ್ತಾಳೆ, ಬೇಗ ರಾಜಿಗೆ ಬರುತ್ತಾಳೆ, ರಾಜಿಯಾದ ದಿನ ಸಾಲನ್ನು ಹೊಡೆದುಹಾಕಿದರಾಯಿತು ಎಂಬ ಲೆಕ್ಕ. ಒಬ್ಬ ವಕೀಲರು ನನ್ನ ಎದುರೇ ಚಹಾ ಕುಡಿಯುತ್ತ, “ಅದು ಉಪ್ಪಿನಕಾಯಿ ಇದ್ದಂಗ್ರಿ, ಎಲಿ ತುದಿಗಿ ಇಡಬೇಕು, ತಿನ್ನಾಕಲ್ಲ” ಎಂದಿದ್ದರು.

ಶಿವರಾಜನ ಅರ್ಜಿಯಲ್ಲೂ ಆ ಸಾಲು ಇತ್ತು.

ಶಿವರಾಜ ದಿಲ್‌ಸುಖ್‌ನಗರದವನು. ಮೂರು ತಲೆಮಾರಿನಿಂದ ಹೈದರಾಬಾದಿನಲ್ಲಿ ಸರ್ಕಾರಿ ನೌಕರಿ ಮಾಡಿಕೊಂಡು ಬಂದ, ಮನೆಯೊಳಗೆ ಕನ್ನಡವನ್ನೇ ಆಡುವ ಕುಟುಂಬ. ತಂದೆ, ತಾಯಿ, ಅಣ್ಣ, ಅತ್ತಿಗೆ, ಅಣ್ಣನ ಇಬ್ಬರು ಮಕ್ಕಳು, ಎಲ್ಲರೂ ಒಂದೇ ಮನೆಯಲ್ಲಿ. ಶಿವರಾಜ ಸಾಫ್ಟ್‌ವೇರ್ ಕಂಪನಿಯಲ್ಲಿದ್ದ. ಹೆಂಡತಿ ಸವಿತಾ ಕಲಬುರಗಿಯವಳು, ಕಾಲ್ ಸೆಂಟರಿನಲ್ಲಿ ರಾತ್ರಿ ಪಾಳಿ. ಬೆಳಗಿನ ಜಾವ ಕಂಪನಿಯ ಕ್ಯಾಬ್ ಬಂದು ಓಣಿಯ ತುದಿಯಲ್ಲಿ ಇಳಿಸಿ ಹೋಗುತ್ತಿತ್ತು. ಆ ಕ್ಯಾಬಿನ ಬಗ್ಗೆ ಮನೆಯಲ್ಲಿ ಮಾತು ಬೆಳೆಯಿತು, ಮಾತು ಜಗಳವಾಯಿತು. ಒಂದು ದಿನ ಸವಿತಾ ಮಗಳನ್ನು ಕರೆದುಕೊಂಡು ಮಿಯಾಪುರದಲ್ಲಿ ಬಾಡಿಗೆ ಮನೆ ಮಾಡಿದಳು. ಮಗಳ ಹೆಸರು ನಂದಿತಾ, ಕರೆಯುವುದು ನಂದು. ಆಗಿನ್ನೂ ಶಾಲೆಗೆ ಸೇರದ ವಯಸ್ಸು.

ಮೊದಲ ಭೇಟಿಯಲ್ಲೇ ಸವಿತಾ ಕಡ್ಡಿ ಮುರಿದಂತೆ ಹೇಳಿದಳು. ವಿಚ್ಛೇದನ ಬೇಕಾದರೆ ತಗೊಳ್ಳಲಿ, ನನಗೂ ಅವರ ಮನೆ ಬೇಡ. ರಕ್ತ ಮಾತ್ರ ಕೊಡುವುದಿಲ್ಲ. “ಮದುವಿಯಾಗಿ ಅವರ ಮನ್ಯಾಗ ಹಡದಾಕಿ ನಾ. ಆ ಕೂಸಿನ ತೊಟ್ಟಲಾ ಅವರ ಮನ್ಯಾಗ ಕಟ್ಯಾರ. ಈಗ ಸೂಜಿ ಚುಚ್ಚಿ ಯಾರಿಗಿ ತೋರಸ್ಲಿ?”

ಕಾನೂನೂ ಅವಳ ಕಡೆಗೇ ಇತ್ತು. ಮದುವೆ ಇರುವಾಗ ಹುಟ್ಟಿದ ಮಗು ಗಂಡನದೇ ಎಂದು ಕಾನೂನು ಹಿಡಿಯುತ್ತದೆ. ಅಲ್ಲ ಎನ್ನುವವನು, ಆ ಕಾಲದಲ್ಲಿ ತಾವಿಬ್ಬರೂ ಸೇರಲು ಸಾಧ್ಯವೇ ಇರಲಿಲ್ಲ ಎಂದು ತೋರಿಸಬೇಕು. ಒಂದೇ ಮನೆಯಲ್ಲಿದ್ದವನು ಅದನ್ನೆಲ್ಲಿ ತೋರಿಸುತ್ತಾನೆ? ಅವಳು ಸುಮ್ಮನೆ ಕೂತಿದ್ದರೂ ಸಾಕಿತ್ತು. ನಾನು ಹಾಗೆಂದೇ ಅವಳಿಗೆ ಧೈರ್ಯ ಹೇಳಿದ್ದೆ.

ನಮ್ಮ ನ್ಯಾಯಾಧೀಶರು ಆಗ ಹೊಸಬರು, ಕರಾವಳಿ ಆಂಧ್ರದವರು. ಕೆಟ್ಟವರಲ್ಲ. ಲಂಚ, ಶಿಫಾರಸು ಅವರ ಬಾಗಿಲಿಗೆ ಬರುತ್ತಿರಲಿಲ್ಲ. ಮಗುವಿನ ಹಿತವೇ ಎಲ್ಲಕ್ಕಿಂತ ಮೇಲು ಎಂದು ಮೇಲಿನ ಕೋರ್ಟುಗಳು ಹೇಳಿದ್ದನ್ನು ಮನಸ್ಸಿಟ್ಟು ಓದಿದವರು. ಅದಕ್ಕೇ ಮಗುವಿನ ಜೊತೆ ತಾವೇ ಮಾತಾಡಬೇಕೆಂದು ನಂದುವನ್ನು ತಮ್ಮ ಖಾಸಗಿ ಕೋಣೆಗೆ ಕರೆಸಿದರು. ತಂದೆ ತಾಯಿ ಮತ್ತು ಇಬ್ಬರ ವಕೀಲರೂ ಹಿಂದಿನ ಕುರ್ಚಿಗಳಲ್ಲಿ ಕೂತಿದ್ದರು. ಮಗುವಿಗೆ ಕನ್ನಡ ಬಿಟ್ಟರೆ ಬೇರೆ ಬರುತ್ತಿರಲಿಲ್ಲ, ಹಾಗಾಗಿ ದುಭಾಷಿಯಾಗಿ ನಾನು ನಿಂತಿದ್ದೆ. ಶುರು ಮಾಡುವ ಮೊದಲೇ ನ್ಯಾಯಾಧೀಶರು ನನಗೆ ತಾಕೀತು ಮಾಡಿದರು. ಮಾತಿಗೆ ಮಾತು, ಆಡಿದ್ದನ್ನು ಆಡಿದ ಹಾಗೇ ಹೇಳಬೇಕು, ವ್ಯಾಖ್ಯಾನ ಬೇಡ. ಇದೂ ನಿಯಮವೇ. ಒಳ್ಳೆಯ ನಿಯಮ.

ಅವರು ಬಿಸ್ಕತ್ತು ಕೊಟ್ಟರು, ಗೊಂಬೆಯ ಹೆಸರು ಕೇಳಿದರು. ಆಮೇಲೆ ಶಿವರಾಜನ ಕಡೆ ಕೈ ತೋರಿಸಿ ಅವರು ಯಾರಮ್ಮಾ ಎಂದರು. ನಾನು ಕನ್ನಡದಲ್ಲಿ ಕೇಳಿದೆ.

ನಂದು ಅವನನ್ನು ನೋಡಿ ಬಾಯಿತುಂಬ ನಕ್ಕಳು. “ಕಾಕಾ.”

ಕಾಕಾ ಎಂದರೆ ಏನೆಂದು ನ್ಯಾಯಾಧೀಶರು ಕೇಳಿದರು. ಕನ್ನಡದಲ್ಲಿ, ಅಂದರೆ ನಮ್ಮ ಕಡೆಯ ಕನ್ನಡದಲ್ಲಿ, ಅದರ ಅರ್ಥ ಒಂದೇ. “ಬಾಬಾಯಿ ಅಂಡಿ,” ಎಂದೆ. ತೆಲುಗಿನಲ್ಲಿ ಚಿಕ್ಕಪ್ಪನಿಗೆ ಹಾಗನ್ನುತ್ತಾರೆ. ಹೇಳುತ್ತಲೇ, “ಆದರೆ ಸರ್, ಅವರ ಮನೆಯಲ್ಲಿ...” ಎಂದು ಮುಂದುವರಿಸಹೋದೆ. ಅವರು ಕೈ ಎತ್ತಿದರು. ನೀವು ಸಾಕ್ಷಿಯೋ ದುಭಾಷಿಯೋ ಎಂದು ಕೇಳಿದರು. ದನಿಯಲ್ಲಿ ಸಿಟ್ಟಿರಲಿಲ್ಲ.

ಹಾಗಾದರೆ ನಿನ್ನ ಅಪ್ಪ ಯಾರು, ಎಲ್ಲಿದ್ದಾರೆ ಎಂಬುದು ಮುಂದಿನ ಪ್ರಶ್ನೆ.

“ಅಪ್ಪ ಮನ್ಯಾಗ ಅದಾನ. ಅವಂಗ ಹಲ್ಲಿಲ್ಲ,” ಎಂದಳು ನಂದು.

ನಾನು ಅದನ್ನೂ ಮಾತಿಗೆ ಮಾತು ಹೇಳಿದೆ. ತಂದೆ ಮನೆಯಲ್ಲಿದ್ದಾರೆ, ಅವರಿಗೆ ಹಲ್ಲಿಲ್ಲ. ಗಂಡನ ವಕೀಲರು ಕೆಮ್ಮಿದ ಹಾಗೆ ನಕ್ಕರು. ಸವಿತಾ ಎದ್ದು ನಿಂತಳು, ಅವಳ ವಕೀಲರು ಸೆರಗು ಹಿಡಿದು ಕೂರಿಸಿದರು. ಸ್ಟೆನೋ ಬರೆದುಕೊಂಡ: ಮಗು ಅರ್ಜಿದಾರರನ್ನು ಚಿಕ್ಕಪ್ಪ ಎಂದು ಗುರುತಿಸಿತು, ತನ್ನ ತಂದೆ ಬೇರೆ ಎಂದು ಹೇಳಿತು.

ಕೂಡುಕುಟುಂಬದಲ್ಲಿ ಬೆಳೆದ ನಮ್ಮ ಕಡೆಯವರಿಗೆ ಇದರಲ್ಲಿ ವಿಚಿತ್ರವೇನೂ ಕಾಣುವುದಿಲ್ಲ. ಕೂಸು ಕಿವಿಯಿಂದ ಕಲಿಯುತ್ತದೆ. ಶಿವರಾಜನೂ ಅವನ ಅಣ್ಣನೂ ಮುದುಕ ತಂದೆಗೆ ಅಪ್ಪಾ ಎನ್ನುತ್ತಾರೆ, ಹಾಗಾಗಿ ಮೊಮ್ಮಕ್ಕಳಿಗೂ ಅವನು ಅಪ್ಪನೇ. ಅಣ್ಣನ ಮಕ್ಕಳು ಶಿವರಾಜನಿಗೆ ಕಾಕಾ ಎನ್ನುತ್ತಾರೆ, ಅದನ್ನು ಕೇಳಿಸಿಕೊಂಡು ಅವನ ಮಗಳೂ ಕಾಕಾ ಎನ್ನುತ್ತಾಳೆ. ನಾನೇ ನಮ್ಮಪ್ಪನಿಗೆ ಮಾಮಾ ಎನ್ನುತ್ತಿದ್ದೆ. ಅತ್ತೆಯ ಮಕ್ಕಳು ನಮ್ಮ ಮನೆಯಲ್ಲೇ ಬೆಳೆದಿದ್ದರು. ಅಪ್ಪ ಸತ್ತಾಗ ಮಾಮಾ ಎಂದೇ ಕೂಗಿ ಗೋಳಾಡಿದೆ. ಓಣಿಯಲ್ಲಿ ಯಾರೂ ನೀನು ಯಾರ ಮಗ ಎಂದು ಕೇಳಲಿಲ್ಲ.

ಹೊರಗೆ ಬಂದಾಗ ಶಿವರಾಜ ಮೊಗಸಾಲೆಯ ಕಂಬಕ್ಕೆ ಒರಗಿ ಫೋನು ನೋಡುತ್ತಿದ್ದ. ಅಣ್ಣನ ಮಕ್ಕಳು ಅವರ ತಂದೆಗೆ ಏನೆಂದು ಕರೆಯುತ್ತಾರೆ ಎಂದು ಕೇಳಿದೆ.

“ಅಣ್ಣಾ ಅಂತಾರ್ರಿ.”

“ಯಾಕಂತ?”

“ನಾ ಹಂಗ ಕರೀತೀನಲ್ರಿ, ಅದನ್ನ ಕೇಳಿ.”

“ಹಂಗಾರ ಅವು ನಿಮ್ಮಣ್ಣನ ಮಕ್ಕಳಲ್ಲೇನ್ರಿ?”

ಅವನು ಕೊರಳಲ್ಲಿದ್ದ ಗುರುತಿನ ಪಟ್ಟಿಯನ್ನು ತಿರುಗಿಸಿ ತಿರುಗಿಸಿ ನೋಡಿದ. ಆಮೇಲೆ ಬಹಳ ಮೆಲ್ಲಗೆ ಹೇಳಿದ: “ಕೇಳಿದ್ದಕ್ಕಷ್ಟ ಉತ್ತರ ಕೊಡು ಅಂತ ವಕೀಲರು ಹೇಳ್ಯಾರ್ರಿ. ಅದನ್ನ ಯಾರೂ ಕೇಳಲಿಲ್ಲ.”

ಈ ಉತ್ತರ ಇಷ್ಟು ವರ್ಷವಾದರೂ ನನ್ನ ಗಂಟಲಿನಿಂದ ಇಳಿದಿಲ್ಲ. ಸುಳ್ಳು ಹೇಳಿದವರನ್ನು ಬೇಕಾದಷ್ಟು ನೋಡಿದ್ದೇನೆ. ಸುಳ್ಳು ಹೇಳುವವನಿಗೆ ಸ್ವಲ್ಪವಾದರೂ ಶ್ರಮವಿರುತ್ತದೆ. ಇವನು ನಿಜ ಗೊತ್ತಿದ್ದೂ ಬಾಯಿ ಮುಚ್ಚಿಕೊಂಡು ಕೂತಿದ್ದನಷ್ಟೇ. ಅದಕ್ಕೆ ಕಾನೂನಿನಲ್ಲಿ ಹೆಸರೇ ಇಲ್ಲ.

ನಾನು ಸಮಾಲೋಚಕನ ವರದಿಯಲ್ಲಿ ಎಲ್ಲವನ್ನೂ ವಿವರವಾಗಿ ಬರೆದೆ. ನ್ಯಾಯಾಧೀಶರು ಪೂರ್ತಿ ಓದಿದರು. ಸ್ವಾರಸ್ಯವಾಗಿದೆ, ಆದರೆ ಇದನ್ನು ಪ್ರಮಾಣ ಮಾಡಿ ಹೇಳುವವರು ಯಾರು ಎಂದರು. ಸವಿತಾ ಹೇಳಿದರೆ ತನ್ನ ಪರವಾಗಿ ಹೇಳಿದಳು ಎನ್ನುತ್ತಾರೆ, ಬೇರೆ ಹೇಳಬಹುದಾಗಿದ್ದವರೆಲ್ಲ ದಿಲ್‌ಸುಖ್‌ನಗರದ ಆ ಮನೆಯವರೇ. ನಂದುವಿನ ಅಜ್ಜಿ ಕೋರ್ಟಿಗೆ ಬಂದಿದ್ದರು. ಮೊಮ್ಮಗಳನ್ನು ದೂರದಿಂದ ನೋಡಿ ಕಣ್ಣು ಒರೆಸಿಕೊಂಡರು, ಕಟಕಟೆ ಹತ್ತಲಿಲ್ಲ. ಗಂಡನ ವಕೀಲರ ವಾದ ಇನ್ನೂ ಚಂದವಿತ್ತು. ಮಗು ತಾಯಿಯನ್ನು ಮಮ್ಮಿ ಎಂದು ಸರಿಯಾಗಿಯೇ ಕರೆಯುತ್ತದೆ, ತಂದೆಯನ್ನು ಮಾತ್ರ ಚಿಕ್ಕಪ್ಪ ಎನ್ನಲು ಅದಕ್ಕೆ ಕಲಿಸಿದವರು ಯಾರು? ಮಮ್ಮಿ ಎಂಬುದನ್ನು ಸವಿತಾ ತಾನೇ ಕಲಿಸಿದ್ದಳು. ಆ ಮನೆಯಲ್ಲಿ ತನ್ನದೆಂದು ಒಂದು ಮಾತಾದರೂ ಇರಲಿ ಎಂದು.

ಅವಳ ವಕೀಲರಿಗೆ ಹೆದರಿಕೆಯಾಯಿತು. ಕಡತದಲ್ಲಿ ಇಂಥ ಮಾತು ಬಿದ್ದ ಮೇಲೆ ಪರೀಕ್ಷೆ ಬೇಡವೆಂದರೆ ಏನೋ ಮುಚ್ಚಿಡುತ್ತಿದ್ದೀರಿ ಎಂದು ತಿಳಿಯುತ್ತಾರೆ ಎಂದು ಅವಳಿಗೆ ಹೇಳಿದರು. ಸವಿತಾ ನನ್ನ ಮುಖ ನೋಡಿದಳು. ಒಪ್ಪಿದಳು. ಏನೂ ಸಾಬೀತು ಮಾಡಬೇಕಾಗಿಲ್ಲದ ಹೆಂಗಸು, ಮಗಳು ನಕ್ಕು ಹೇಳಿದ ಒಂದು ಮಾತಿನಿಂದ ಎಲ್ಲವನ್ನೂ ಸಾಬೀತು ಮಾಡಬೇಕಾಯಿತು.

ರಕ್ತ ಕೊಡುವ ದಿನ ಮಗು ಹೆದರಬಾರದೆಂದು ನನ್ನನ್ನೂ ಜೊತೆಗೆ ಕಳಿಸಿದ್ದರು. ಬಿಳಿ ಗೋಡೆಯ ಸಣ್ಣ ಕೋಣೆ. ಮೊದಲು ಶಿವರಾಜ ಕೊಟ್ಟ, ಆಮೇಲೆ ಸವಿತಾ. ನಂದು ಸೂಜಿ ನೋಡಿದ್ದೇ ತಾಯಿಯ ತೊಡೆಯಿಂದ ಜಾರಿ ಓಡಿದಳು. ಓಡಿದ್ದು ಅವನ ಕಡೆಗೆ. ಪ್ಯಾಂಟು ಹಿಡಿದುಕೊಂಡು ಎರಡೂ ಕೈ ಮೇಲೆತ್ತಿ, “ಕಾಕಾ, ಎತ್ಕೋ. ಕಾಕಾ, ಬ್ಯಾಡನ್ನು ಇವರಿಗಿ,” ಎಂದಳು.

ಅವನ ಕೈ ಅರ್ಧ ಮುಂದೆ ಬಂದದ್ದನ್ನು ನಾನು ನೋಡಿದೆ. ಬಾಗಿಲಲ್ಲಿ ಅವನ ವಕೀಲರ ಸಹಾಯಕ ನಿಂತಿದ್ದ. ಮಗುವನ್ನು ಎತ್ತಿಕೊಂಡರೆ ಒಪ್ಪಿಕೊಂಡ ಹಾಗಾಗುತ್ತದೆ ಎಂದು ಮೊದಲೇ ಹೇಳಿಟ್ಟಿದ್ದರಂತೆ, ಆಮೇಲೆ ತಿಳಿಯಿತು. ಶಿವರಾಜ ಆ ಕೈಯನ್ನು ತಿರುಗಿಸಿ ಜೇಬಿಗೆ ಹಾಕಿಕೊಂಡು ಗೋಡೆಯ ಕಡೆ ನೋಡಿದ. ಸವಿತಾ ಬಂದು ಮಗಳನ್ನು ಬಿಡಿಸಿಕೊಂಡಳು. ನಂದು ಸೂಜಿಗೆ ಅಳಲಿಲ್ಲ. ಅವನನ್ನೇ ನೋಡುತ್ತಿದ್ದಳು.

ಪರೀಕ್ಷೆಯ ಫಲಿತಾಂಶ ಬಂತು. ಮಗು ಅವನದೇ. ಕೋರ್ಟಿನಲ್ಲಿ ಅದನ್ನು ಓದಿದಾಗ ಯಾರಿಗೂ ಆಶ್ಚರ್ಯವಾಗಲಿಲ್ಲ, ನನಗೆ ಬೇಸರವಾದದ್ದು ಅದಕ್ಕೇ. ಅವನ ವಕೀಲರು ಎದ್ದು ನಿಂತು ಸಂಶಯದ ಆ ಸಾಲಿಗೆ ಒತ್ತಾಯಿಸುವುದಿಲ್ಲ ಎಂದರು. ಅಷ್ಟೇ. ಒಂದು ಸಾಲು ಹೊಡೆದುಹಾಕಿದರು. ಯಾರೂ ಸವಿತಾಳ ಕ್ಷಮೆ ಕೇಳಲಿಲ್ಲ. ಕ್ಷಮೆ ಕೇಳುವ ಕಲಮೂ ಯಾವ ಕಾನೂನಿನಲ್ಲೂ ಇಲ್ಲ.

ಆಮೇಲೆ ರಾಜಿ ಪತ್ರವಾಯಿತು. ಮಗು ತಾಯಿಯ ಹತ್ತಿರ, ವಾರಕ್ಕೊಮ್ಮೆ ನಮ್ಮ ಕೋರ್ಟಿನ ಮಕ್ಕಳ ಕೋಣೆಯಲ್ಲಿ ತಂದೆಯ ಭೇಟಿ. ಕೊನೆಯಲ್ಲಿ ಒಂದು ಷರತ್ತು ಸೇರಿಸಿದ್ದರು. ಮುಂದೆ ಗೊಂದಲವಾಗದಂತೆ, ಮಗು ಅರ್ಜಿದಾರರನ್ನು ‘ಕಾಕಾ’ ಎಂದು ಕರೆಯದೆ ‘ಅಪ್ಪ’ ಎಂದೇ ಕರೆಯುವಂತೆ ತಾಯಿ ಕಲಿಸತಕ್ಕದ್ದು. ಇದು ಮಗುವಿನ ಹಿತದಲ್ಲಿದೆ ಎಂದು ನ್ಯಾಯಾಧೀಶರು ಮೆಚ್ಚಿದರು. ಕಡತದ ಕಳಂಕವನ್ನು ಹೀಗೆ ತೊಳೆಯುತ್ತಿದ್ದೇವೆಂದು ಅವರು ಮನಸಾರೆ ನಂಬಿದ್ದರು. ಸವಿತಾ ಓದದೆ ಸಹಿ ಮಾಡಲಿಲ್ಲ. ಓದಿ, ಒಮ್ಮೆ ನಕ್ಕು, ಸಹಿ ಮಾಡಿದಳು.

ಮಕ್ಕಳ ಕೋಣೆ ಎಂದರೆ ದೊಡ್ಡದೇನಲ್ಲ. ಹಳೆಯ ದಾಖಲೆಯ ಕೋಣೆಗೆ ಬಣ್ಣ ಬಳಿದು ಗೋಡೆಗೆ ಆನೆ, ಮೊಲ ಬರೆಸಿದ್ದರು. ಮೊದಲ ಭೇಟಿಯ ದಿನ ಅಲ್ಲಿ ನಾನಿದ್ದೆ, ನನ್ನ ಕೈಕೆಳಗೆ ಹೊಸದಾಗಿ ಸೇರಿದ್ದ ತೆಲುಗು ಹುಡುಗನೂ ಇದ್ದ. ಕಲಿತವನು, ಚುರುಕು. ಭೇಟಿಯ ವರದಿಗೆಂದು ಕಂಪ್ಯೂಟರಿನಲ್ಲಿ ಅಚ್ಚು ಹಾಕಿದ ನಮೂನೆ ಆಗಷ್ಟೇ ಬಂದಿತ್ತು. ಮಗು ತಂದೆಯೊಡನೆ ಹೇಗೆ ವರ್ತಿಸಿತು, ಒಂದೆರಡು ಪದಗಳಲ್ಲಿ ಬರೆಯಿರಿ ಎಂದು ಅದರಲ್ಲಿತ್ತು.

ಶಿವರಾಜ ಕೈಯಲ್ಲಿ ಗೊಂಬೆಯ ಡಬ್ಬಿ ಹಿಡಿದು ಬಂದ. ಅಂದು ಕೊರಳಲ್ಲಿ ಪಟ್ಟಿ ಇರಲಿಲ್ಲ. ನಂದು ಎದ್ದು ನಿಂತಳು.

“ಬರ್ರಿ,” ಎಂದಳು. “ಕುಂದರ್ರಿ.”

ಕನ್ನಡ ಬಲ್ಲವರಿಗೆ ನಾನು ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ನಮ್ಮ ಕಡೆ ಕೂಸು ಮನೆಯವರಿಗೆ ಬಾ ಎನ್ನುತ್ತದೆ, ಹೋಗು ಎನ್ನುತ್ತದೆ. ಅಪ್ಪ ಅದಾನ ಎನ್ನುತ್ತದೆ, ಕಾಕಾ ಎತ್ಕೋ ಎನ್ನುತ್ತದೆ. ಬರ್ರಿ ಎನ್ನುವುದು ವಿದ್ಯುತ್ ಬಿಲ್ಲು ಕೊಡಲು ಬಂದವರಿಗೆ.

ಅವನಿಗೂ ಅರ್ಥವಾಯಿತು. ಡಬ್ಬಿ ಕೆಳಗಿಟ್ಟು ಅವಳ ಮುಂದೆ ಮೊಣಕಾಲೂರಿ ಕೂತ. ನಂದು ಡಬ್ಬಿಯನ್ನು ಮುಟ್ಟಲಿಲ್ಲ. ತಾಯಿ ಕಲಿಸಿದ್ದ ಆ ಇನ್ನೊಂದು ಪದ ಅವಳ ಬಾಯಿಗೆ ಬರುತ್ತಿರಲಿಲ್ಲ. ಅಪ್ಪ ಎಂದರೆ ಅವಳಿಗೆ ದಿಲ್‌ಸುಖ್‌ನಗರದ ಹಲ್ಲಿಲ್ಲದ ಮುದುಕ, ತಿಂಗಳುಗಳಿಂದ ಕಣ್ಣಿಗೆ ಬೀಳದವನು. ಎದುರಿಗಿದ್ದವನಿಗೆ ಹೆಸರೇ ಉಳಿದಿರಲಿಲ್ಲ.

“ನಂದೂ,” ಎಂದ ಶಿವರಾಜ. “ಒಮ್ಮಿ ಕಾಕಾ ಅನ್ನವಾ.”

ಅವಳು ಬಾಗಿಲ ಕಡೆ ನೋಡಿದಳು. ಸವಿತಾ ಹೊರಗೆ ಬೆಂಚಿನ ಮೇಲಿದ್ದಳು. ಆಮೇಲೆ ನಂದು ನನ್ನ ಕಡೆ ನೋಡಿದಳು. ಕೊನೆಗೆ ಅವನಿಗೇ, ತಪ್ಪು ಮಾಡುತ್ತಿದ್ದವರಿಗೆ ತಿಳಿಸಿ ಹೇಳುವ ಹಾಗೆ, ಹೇಳಿದಳು.

“ಹಂಗ ಅನಬಾರದ್ರಿ.”

ಅವನು ತಲೆ ಎತ್ತಿ ನನ್ನನ್ನು ನೋಡಿದ. ಏನಾದರೂ ಮಾಡಿ ಎನ್ನುವ ನೋಟ. ಷರತ್ತು ಅವನ ವಕೀಲರೇ ಬರೆದದ್ದು, ಕೋರ್ಟಿನ ಮೊಹರು ಬಿದ್ದದ್ದು. ನಾನು ಗೋಡೆಯ ಮೊಲದ ಕಡೆ ನೋಡಿದೆ.

ಮಗು ಏನೆಂದಿತು ಎಂದು ತೆಲುಗು ಹುಡುಗ ಪೆನ್ನು ಹಿಡಿದು ಕೇಳಿದ. ನಾನು ಮಾತಿಗೆ ಮಾತು ಹೇಳಿದೆ. ಬನ್ನಿ ಎಂದಿತು, ಕುಳಿತುಕೊಳ್ಳಿ ಎಂದಿತು, ಹಾಗೆ ಅನ್ನಬಾರದು ಎಂದಿತು. ಪ್ರತಿ ಮಾತಿಗೂ ತೆಲುಗಿನ ‘ಅಂಡಿ’ ಸೇರಿಸಿ ಹೇಳಿದೆ, ಅವಳು ‘ರಿ’ ಸೇರಿಸಿದ ಹಾಗೆಯೇ. ಹುಡುಗನ ಮುಖ ಅರಳಿತು. ಇಷ್ಟು ಸಣ್ಣ ವಯಸ್ಸಿಗೆ ಎಷ್ಟು ಮರ್ಯಾದೆ ಎಂದ. ನಮೂನೆಯಲ್ಲಿ ಬರೆದ: ಮಗು ತಂದೆಯನ್ನು ಗೌರವದಿಂದ ಬರಮಾಡಿಕೊಂಡಿತು, ಸಂಬಂಧ ಸುಧಾರಿಸಿದೆ.